ಅಬ್ದುಲ್ ಹುಸೇನ್ ಸೆಪಂತಾ: ಮುಂಬಯಿಯಲ್ಲಿ ಮಾತು ಕಲಿತ ಇರಾನಿ ಸಿನಿಮಾ

1933ರ ನವೆಂಬರ್ ತಿಂಗಳು. ತೆಹರಾನ್ ನಗರದ ಮಾಯಕ್ ಚಿತ್ರಮಂದಿರದ ಕತ್ತಲೆಯಲ್ಲಿ ಕುಳಿತಿದ್ದ ಪ್ರೇಕ್ಷಕರು ಅಂದು ಕಂಡದ್ದಕ್ಕಿಂತಲೂ ಕೇಳಿದ್ದು ಅವರ ಪಾಲಿಗೆ ತೀರ ಹೊಸತಾಗಿತ್ತು. ತೆರೆಯ ಮೇಲಿನ ಮನುಷ್ಯರು ಅವರದೇ ಭಾಷೆಯಲ್ಲಿ ಮಾತನಾಡುತ್ತಿದ್ದರು, ಜಗಳವಾಡುತ್ತಿದ್ದರು, ಪ್ರೇಮ ನಿವೇದಿಸುತ್ತಿದ್ದರು. ಅದುವರೆಗೆ ಇರಾನಿನಲ್ಲಿ ಸಿನಿಮಾ ಎಂದರೆ ಮೂಕಿ ಚಿತ್ರ. ಇಲ್ಲವೇ ಅರ್ಥವಾಗದ ಪರಭಾಷೆಯ ವಾಕ್ಚಿತ್ರ. ತೆರೆಯ ಮೇಲೆ ಮೂಡುವ ಅಕ್ಷರಗಳನ್ನು ಓದಬಲ್ಲವನೊಬ್ಬ ಸಭಾಂಗಣದಲ್ಲಿ ನಿಂತು ಗಟ್ಟಿಯಾಗಿ ಓದಿ ಹೇಳುವುದು, ಅಕ್ಷರ ಬಾರದ ಜನ ಅದನ್ನು ಕೇಳಿ ಕಥೆಯನ್ನು ಗ್ರಹಿಸುವುದು ವಾಡಿಕೆ. ಆ ಸಂಜೆಯಿಂದ ಅಂಥ ಮಧ್ಯಸ್ಥನ ಅಗತ್ಯ ಉಳಿಯಲಿಲ್ಲ.

ಚಿತ್ರದ ಹೆಸರು 'ದೊಖ್ತರ್-ಎ-ಲೋರ್'. ಲೋರ್ ಬುಡಕಟ್ಟಿನ ಹುಡುಗಿ ಎಂದು ಅದರ ಅರ್ಥ. ಪರ್ಷಿಯನ್ ಭಾಷೆಯ ಈ ಮೊದಲ ವಾಕ್ಚಿತ್ರದ ಒಂದು ಅಡಿ ಫಿಲ್ಮ್ ಕೂಡ ಇರಾನಿನ ಸ್ಟುಡಿಯೋದಲ್ಲಿ ತಯಾರಾದದ್ದಲ್ಲ. ಅದು ತಯಾರಾದದ್ದು ಮುಂಬಯಿಯಲ್ಲಿ. ಅದರ ಕಥೆ ಮತ್ತು ಸಂಭಾಷಣೆಗಳನ್ನು ಬರೆದು, ನಾಯಕನ ಪಾತ್ರವನ್ನೂ ವಹಿಸಿದವರು ಅಬ್ದುಲ್ ಹುಸೇನ್ ಸೆಪಂತಾ. ಆಗ ಅವರ ವಯಸ್ಸು 26. ಮುಂದಿನ ಮೂರು ವರ್ಷಗಳಲ್ಲಿ ಅವರು ಇನ್ನೂ ನಾಲ್ಕು ಪರ್ಷಿಯನ್ ಚಿತ್ರಗಳನ್ನು ನಿರ್ಮಿಸಿದರು. ಅವೆಲ್ಲವೂ ಭಾರತದ ನೆಲದಲ್ಲಿಯೇ. ಆನಂತರ ತಾಯ್ನಾಡಿಗೆ ಮರಳಿದ ಈ ನಿರ್ದೇಶಕ 1969ರಲ್ಲಿ ತೀರಿಕೊಳ್ಳುವವರೆಗಿನ ಮೂವತ್ತೆರಡು ವರ್ಷಗಳಲ್ಲಿ ಮತ್ತೊಂದು ಕಥಾಚಿತ್ರವನ್ನು ಮಾಡಲಾಗಲಿಲ್ಲ. ಪರದೇಶದಲ್ಲಿ ಸಾಧ್ಯವಾದದ್ದು ಸ್ವದೇಶದಲ್ಲಿ ಏಕೆ ಅಸಾಧ್ಯವಾಯಿತೆಂಬುದೇ ಸೆಪಂತಾ ಅವರ ಬದುಕಿನ ಕಥೆ.

ಪುರಾತನದ ಹಂಬಲ

ಸೆಪಂತಾ ಜನಿಸಿದ್ದು 1907ರಲ್ಲಿ, ತೆಹರಾನಿನಲ್ಲಿ. ಸಂವಿಧಾನಕ್ಕಾಗಿ ನಡೆದ ಕ್ರಾಂತಿಯ ಕಾವು ಇನ್ನೂ ಆರದಿದ್ದ ವರ್ಷಗಳವು. ಬಾಲಕ ಅಬ್ದುಲ್ ಹುಸೇನ್ ಬೆಳೆದು ಯುವಕನಾಗುವಷ್ಟರಲ್ಲಿ ಕಜಾರ್ ಅರಸೊತ್ತಿಗೆ ಮುಗಿದು, ಸೈನಿಕನಾಗಿ ಬದುಕು ಆರಂಭಿಸಿದ್ದ ರೆಜಾ ಖಾನ್ 1925ರ ಕೊನೆಗೆ ಇರಾನಿನ ಷಾ ಆಗಿದ್ದರು. ಹೊಸ ದೊರೆಗೆ ಹೊಸ ಇತಿಹಾಸವೂ ಬೇಕಾಗಿತ್ತು. ಇಸ್ಲಾಮಿಗೂ ಹಿಂದಿನ ಇರಾನ್, ಅದರ ಸಾಮ್ರಾಟರು, ಅದರ ಜರತುಷ್ಟ್ರ ಧರ್ಮ ಇವೆಲ್ಲವೂ ಅಂದಿನ ವಿದ್ಯಾವಂತರ ಅಭಿಮಾನದ ವಸ್ತುಗಳಾದವು. ಪಾಶ್ಚಾತ್ಯ ಮಾದರಿಯ ಶಾಲೆಯಲ್ಲಿಯೂ ಜರತುಷ್ಟ್ರ ಮತೀಯರ ಶಾಲೆಯಲ್ಲಿಯೂ ಓದಿದ ಅಬ್ದುಲ್ ಹುಸೇನ್ ಈ ಗಾಳಿಯಲ್ಲಿಯೇ ಬೆಳೆದವರು. ಮುಸ್ಲಿಂ ಮನೆತನದ ಈ ತರುಣನ ಸೆಪಂತಾ ಎಂಬ ಹೆಸರು ಅವೆಸ್ತಾ ಭಾಷೆಯದು. ಪವಿತ್ರ ಎಂಬುದು ಅದರ ಅರ್ಥ. ಹುಸೇನ್ ಮತ್ತು ಸೆಪಂತಾ ಎಂಬೆರಡು ಪದಗಳು ಅಕ್ಕಪಕ್ಕದಲ್ಲಿ ನಿಂತಾಗ ಆ ತಲೆಮಾರಿನ ಮನಸ್ಸಿನ ಎರಡು ತುದಿಗಳು ಒಟ್ಟಿಗೆ ಕಾಣುತ್ತವೆ.

ಪ್ರಾಚೀನ ಇರಾನನ್ನು ಅರಿಯಬೇಕೆಂಬ ಹಂಬಲವುಳ್ಳವರು ಆಗ ಹೋಗಬೇಕಾಗಿದ್ದ ಊರು ಇರಾನಿನಲ್ಲಿರಲಿಲ್ಲ. ಅದು ಮುಂಬಯಿ. ಶತಮಾನಗಳ ಹಿಂದೆಯೇ ಗುಜರಾತಿನ ಕರಾವಳಿಗೆ ಬಂದು ನೆಲೆಸಿದ್ದ ಪಾರ್ಸಿಗಳು ವ್ಯಾಪಾರ, ಹಡಗು ನಿರ್ಮಾಣ, ಬಟ್ಟೆ ಗಿರಣಿಗಳಿಂದ ಸಂಪನ್ನರಾಗಿ, ತಮ್ಮ ಪೂರ್ವಜರ ಧರ್ಮಗ್ರಂಥಗಳ ಅಧ್ಯಯನಕ್ಕೆ ಉದಾರವಾಗಿ ಹಣ ತೊಡಗಿಸಿದ್ದರು. ಹತ್ತೊಂಬತ್ತನೆಯ ಶತಮಾನದಲ್ಲಿ ಯಜ್ದ್ ಮತ್ತು ಕೆರ್ಮಾನ್ ಪ್ರಾಂತಗಳಿಂದ ಬಂದ ಬಡ ಜರತುಷ್ಟ್ರೀಯರ ಇನ್ನೊಂದು ಅಲೆಯೂ ಅಲ್ಲಿಗೆ ಬಂದು ಸೇರಿತ್ತು. ಇಂದಿಗೂ ಮುಂಬಯಿಯ ಮೂಲೆಗಳಲ್ಲಿ ಅಲ್ಲಲ್ಲಿ ಉಳಿದಿರುವ ಇರಾನಿ ಚಹಾ ಅಂಗಡಿಗಳು ಆ ಅಲೆಯ ಕುರುಹುಗಳು. ಹೀಗಾಗಿ ಆ ನಗರದ ಬೀದಿಗಳಲ್ಲಿ ಪರ್ಷಿಯನ್ ಮಾತು ಕಿವಿಗೆ ಬೀಳುವುದು ಅಪರೂಪವಾಗಿರಲಿಲ್ಲ. ಪರ್ಷಿಯನ್ ಅಚ್ಚಿನ ಅಕ್ಷರವಂತೂ ಭಾರತದಿಂದ ಇರಾನಿಗೆ ಹೋಗುವ ಪರಿಪಾಠ ಮೊದಲೇ ಇತ್ತು. ಕಲ್ಕತ್ತೆಯಿಂದ 1893ರಲ್ಲಿ ಆರಂಭವಾದ 'ಹಬ್ಲುಲ್ ಮತೀನ್' ಎಂಬ ಪರ್ಷಿಯನ್ ಪತ್ರಿಕೆ ಇರಾನಿನ ರಾಜಕೀಯವನ್ನೇ ಕಲಕಿತ್ತು. ಅಕ್ಷರದ ಹಿಂದೆಯೇ ಚಿತ್ರವೂ ಅದೇ ಸಮುದ್ರಮಾರ್ಗ ಹಿಡಿದದ್ದರಲ್ಲಿ ಆಶ್ಚರ್ಯವೇನೂ ಇಲ್ಲ.

ಸೆಪಂತಾ 1927ರಲ್ಲಿ ಮೊದಲ ಬಾರಿಗೆ ಭಾರತಕ್ಕೆ ಬಂದರು. ಮುಂಬಯಿಯಲ್ಲಿ ಅವರಿಗೆ ಆಶ್ರಯವೂ ಮಾರ್ಗದರ್ಶನವೂ ದೊರೆತದ್ದು ದಿನ್‌ಶಾ ಇರಾನಿ ಅವರಿಂದ. ವೃತ್ತಿಯಿಂದ ವಕೀಲರು, ಪ್ರವೃತ್ತಿಯಿಂದ ಪರ್ಷಿಯನ್ ಸಾಹಿತ್ಯದ ವಿದ್ವಾಂಸರು ಆಗಿದ್ದ ದಿನ್‌ಶಾ ಆ ಕಾಲದಲ್ಲಿ ಭಾರತದ ಪಾರ್ಸಿಗಳಿಗೂ ಇರಾನಿಗೂ ನಡುವಣ ಸೇತುವೆಯಂತಿದ್ದರು. 1932ರಲ್ಲಿ ರೆಜಾ ಷಾ ಅವರ ಆಹ್ವಾನದ ಮೇರೆಗೆ ರವೀಂದ್ರನಾಥ ಠಾಕೂರರು ಇರಾನಿಗೆ ಪ್ರಯಾಣ ಬೆಳೆಸಿದಾಗ ಜೊತೆಗಿದ್ದವರು ಇದೇ ದಿನ್‌ಶಾ. ಅವರ ಒಡನಾಟದಲ್ಲಿ ಸೆಪಂತಾ ಹಳೆಯ ಇರಾನಿನ ಭಾಷೆ, ಧರ್ಮ, ನೀತಿಗಳ ಕುರಿತು ಓದಿದರು, ಬರೆದರು, ಅನುವಾದಿಸಿದರು. ಆಗ ಯಾರಾದರೂ ಅವರ ಭವಿಷ್ಯವನ್ನು ಊಹಿಸಿದ್ದರೆ ಅದು ಗ್ರಂಥಾಲಯದ ಮೇಜಿನ ಮುಂದಿನ ಭವಿಷ್ಯವೇ ಆಗಿರುತ್ತಿತ್ತು. ಕ್ಯಾಮೆರಾದ ಮುಂದಿನದು ಖಂಡಿತ ಅಲ್ಲ.

ಇಂಪೀರಿಯಲ್ ಅಂಗಳದಲ್ಲಿ

ಇರಾನಿನಲ್ಲಿ ಸಿನಿಮಾ ಹುಟ್ಟಿದ್ದು ಅರಮನೆಯಲ್ಲಿ. 1900ರಲ್ಲಿ ಯುರೋಪ್ ಪ್ರವಾಸದಲ್ಲಿದ್ದ ಮುಜಫರುದ್ದೀನ್ ಷಾ ಚಲನಚಿತ್ರವನ್ನು ಕಂಡು ಬೆರಗಾಗಿ ಯಂತ್ರಗಳನ್ನು ಕೊಳ್ಳಲು ಅಪ್ಪಣೆ ಕೊಡಿಸಿದ್ದರು. ಆಸ್ಥಾನದ ಛಾಯಾಗ್ರಾಹಕ ಮಿರ್ಜಾ ಇಬ್ರಾಹಿಂ ಖಾನ್ ಬೆಲ್ಜಿಯಮ್ಮಿನ ಒಸ್ಟೆಂಡ್ ಪಟ್ಟಣದ ಪುಷ್ಪೋತ್ಸವವನ್ನು ಸೆರೆಹಿಡಿದು ಇರಾನಿನ ಮೊದಲ ಚಿತ್ರಗ್ರಾಹಕರೆನಿಸಿದರು. ಆದರೆ ಅರಮನೆಯ ಈ ವಿನೋದ ಜನರ ಬಳಿಗೆ ಬರಲು ಬಹಳ ಕಾಲ ಹಿಡಿಯಿತು. ಇರಾನಿನ ಮೊದಲ ಕಥಾಚಿತ್ರ 'ಆಬಿ ಮತ್ತು ರಾಬಿ' ತೆರೆ ಕಂಡದ್ದು 1931ರ ಜನವರಿಯಲ್ಲಿ. ಮಾಸ್ಕೋದಲ್ಲಿ ಸಿನಿಮಾ ಕಲಿತು ಬಂದ ಅರ್ಮೇನಿಯನ್ ಮೂಲದ ಓವನೆಸ್ ಓಹಾನಿಯನ್ ಅದರ ನಿರ್ದೇಶಕರು. ಅದು ಮೂಕಿ ಚಿತ್ರ. ಅದರ ಪ್ರತಿಯೂ ಬೆಂಕಿಗೆ ಆಹುತಿಯಾಯಿತು.

ಅದೇ 1931ರ ಮಾರ್ಚ್ 14ರಂದು ಮುಂಬಯಿಯ ಮೆಜೆಸ್ಟಿಕ್ ಚಿತ್ರಮಂದಿರದಲ್ಲಿ 'ಆಲಂ ಆರಾ' ಬಿಡುಗಡೆಯಾಗಿ ಭಾರತೀಯ ಸಿನಿಮಾಕ್ಕೆ ಮಾತು ಬಂದಿತು. ಅದರ ನಿರ್ದೇಶಕ, ಇಂಪೀರಿಯಲ್ ಫಿಲ್ಮ್ ಕಂಪನಿಯ ಒಡೆಯ ಅರ್ದೇಶಿರ್ ಇರಾನಿ, ಹೆಸರೇ ಹೇಳುವಂತೆ, ಇರಾನಿ ಮೂಲದ ಜರತುಷ್ಟ್ರೀಯರು, ಹುಟ್ಟಿದ್ದು ಪುಣೆಯಲ್ಲಿ. ಒಂದು ಭಾಷೆಗೆ ಅಂಟಿಕೊಂಡು ಕೂರುವ ಜಾಯಮಾನ ಅವರದಲ್ಲ. 'ಆಲಂ ಆರಾ' ಬಂದ ಅದೇ ವರ್ಷ ತಮಿಳು, ತೆಲುಗು ಮಾತುಗಳಿದ್ದ 'ಕಾಳಿದಾಸ' ಕೂಡ ಇಂಪೀರಿಯಲ್ ಸ್ಟುಡಿಯೋದಿಂದ ಹೊರಬಂದಿತ್ತು. ಬರ್ಮೀ ಭಾಷೆಯ ಚಿತ್ರವೂ ಅಲ್ಲಿ ತಯಾರಾಯಿತು. ಧ್ವನಿಗ್ರಹಣ ಯಂತ್ರವನ್ನು ಹೊಂದಿದ್ದವನಲ್ಲಿಗೆ ಭಾಷೆಗಳು ತಾವಾಗಿಯೇ ನಡೆದು ಬರುತ್ತಿದ್ದ ಕಾಲವದು. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನಾ' 1934ರಲ್ಲಿ ಬೆಂಗಳೂರಿನಲ್ಲಿ ಬಿಡುಗಡೆಯಾದರೂ ಅದರ ಚಿತ್ರೀಕರಣ ನಡೆದದ್ದು ಕೊಲ್ಹಾಪುರದಲ್ಲಿ ಎಂಬುದನ್ನು ನೆನೆದರೆ ಪರ್ಷಿಯನ್ ಸಿನಿಮಾ ಮುಂಬಯಿಗೆ ಬಂದ ಬಗೆ ಕನ್ನಡಿಗರಿಗೆ ಹೊಸದಾಗಿ ತೋರಲಾರದು.

ಮುಂಬಯಿಯ ಪಾರ್ಸಿ ವಲಯದ ಪರಿಚಯಗಳೇ ಸೆಪಂತಾ ಅವರನ್ನು ಅರ್ದೇಶಿರ್ ಇರಾನಿಯವರ ಸ್ಟುಡಿಯೋಗೆ ಕರೆದೊಯ್ದವು. ಅರ್ದೇಶಿರ್ ಅವರಲ್ಲಿ ಯಂತ್ರವಿತ್ತು, ತಂತ್ರಜ್ಞರಿದ್ದರು, ಪೂರ್ವಜರ ನಾಡಿನ ಬಗೆಗೆ ಮಮತೆಯೂ ವ್ಯಾಪಾರಿಯ ದೂರದೃಷ್ಟಿಯೂ ಇದ್ದವು. ಪರ್ಷಿಯನ್ ಭಾಷೆಯಲ್ಲಿ ಬರೆಯಬಲ್ಲ, ಇರಾನಿನ ಪ್ರೇಕ್ಷಕನ ಮನಸ್ಸನ್ನು ಬಲ್ಲ ಮನುಷ್ಯನೊಬ್ಬ ಬೇಕಾಗಿತ್ತು. ಸಿನಿಮಾ ವಿದ್ಯೆಯ ಗಂಧವಿಲ್ಲದಿದ್ದ ಸೆಪಂತಾ ಅದನ್ನು ಕಲಿತದ್ದು ಇಂಪೀರಿಯಲ್ ಅಂಗಳದಲ್ಲಿಯೇ, ಕೆಲಸ ಮಾಡುತ್ತ ಮಾಡುತ್ತ.

ಕಥೆ ಸಿದ್ಧವಾಯಿತು. ನಾಯಕನ ಪಾತ್ರಕ್ಕೆ ತಾವೇ ನಿಂತರು. ನಾಯಕಿಯನ್ನು ಹುಡುಕುವುದು ಮಾತ್ರ ಸುಲಭವಾಗಲಿಲ್ಲ. ಮುಸ್ಲಿಂ ಹೆಣ್ಣುಮಗಳೊಬ್ಬಳು ಮುಖ ತೋರಿಸಿ ತೆರೆಯ ಮೇಲೆ ಬರುವುದು ಅಂದಿನ ಇರಾನಿನಲ್ಲಿ ಊಹೆಗೂ ನಿಲುಕದ ಮಾತು. ಓಹಾನಿಯನ್ ಅವರ ಚಿತ್ರಗಳಲ್ಲಿ ಆ ಸ್ಥಾನವನ್ನು ಅರ್ಮೇನಿಯನ್ ಕ್ರೈಸ್ತ ಮಹಿಳೆಯರು ತುಂಬಿದ್ದರು. ಕೊನೆಗೆ ಒಪ್ಪಿದವರು ಇಂಪೀರಿಯಲ್ ಕಂಪನಿಯ ನೌಕರನೊಬ್ಬನ ಪತ್ನಿ ರೂಹಂಗೀಜ್ ಸಾಮಿನೆಜಾದ್. ಕೆರ್ಮಾನ್ ಪ್ರಾಂತದ ಬಾಮ್ ಪಟ್ಟಣದ ಈ ಹುಡುಗಿಗೆ ಆಗಿನ್ನೂ ಹದಿನಾರು, ಹದಿನೇಳರ ವಯಸ್ಸು. ಅವರ ಮಾತಿನಲ್ಲಿ ಕೆರ್ಮಾನಿನ ಎಳೆತ ಸ್ಪಷ್ಟವಾಗಿತ್ತು. ಆದರೆ ಕಥೆಯ ನಾಯಕಿ ಲೋರ್ ಬುಡಕಟ್ಟಿನ ನಡುವಿನವಳು. ಮೂಕಿ ಚಿತ್ರದ ಕಾಲದಲ್ಲಾಗಿದ್ದರೆ ಇದು ಸಮಸ್ಯೆಯೇ ಅಲ್ಲ. ಮಾತು ಬಂದೊಡನೆ ಊರೂ ಗೊತ್ತಾಗಿಬಿಡುತ್ತದೆ. ಆಕೆಯ ಉಚ್ಚಾರಣೆಯನ್ನು ತಿದ್ದುವ ಬದಲು ಅದಕ್ಕೆ ಒಪ್ಪುವಂತೆ ಕಥೆಯನ್ನೇ ಬಗ್ಗಿಸಲಾಯಿತು. ಅದೃಷ್ಟವೆಂದರೆ ಇದೇ. ತೆಹರಾನಿನ ನಯನಾಜೂಕಿನ ಬಗ್ಗೆ ಆ ಹಳ್ಳಿಗಾಡಿನ ಧಾಟಿಯಲ್ಲಿ ಗುಲ್ನಾರ್ ಆಡುವ ಮಾತು ಚಿತ್ರದ ಬೇರೆಲ್ಲ ಸಂಭಾಷಣೆಗಳಿಗಿಂತ ಹೆಚ್ಚು ಕಾಲ ಜನರ ನಾಲಿಗೆಯ ಮೇಲೆ ಉಳಿಯಿತು.

ಕಥೆ ಸರಳವಾದದ್ದು. ಬಾಲ್ಯದಲ್ಲಿಯೇ ದರೋಡೆಕೋರರಿಂದ ಅಪಹೃತಳಾದ ಗುಲ್ನಾರ್ ದಾರಿಬದಿಯ ಚಹಾದಂಗಡಿಯಲ್ಲಿ ನರ್ತಿಸಿ ಬದುಕುತ್ತಾಳೆ. ದರೋಡೆಕೋರರನ್ನು ಪತ್ತೆಹಚ್ಚಲು ಬಂದ ಸರ್ಕಾರಿ ಅಧಿಕಾರಿ ಜಾಫರ್ ಆಕೆಯನ್ನು ಪ್ರೀತಿಸುತ್ತಾನೆ. ಸೆರೆ, ಪಾರು, ಕಾಳಗಗಳ ನಂತರ ಇಬ್ಬರೂ ಕಳ್ಳರ ನಾಯಕ ಕುಲಿ ಖಾನನಿಂದ ಬಿಡುಗಡೆ ಹೊಂದಿ ಸಮುದ್ರ ದಾಟುತ್ತಾರೆ. ಅವರು ಸೇರುವ ಊರು ಮುಂಬಯಿ! ಅಲ್ಲಿ ಆಧುನಿಕ ಉಡುಗೆ ತೊಟ್ಟು ನೆಮ್ಮದಿಯಿಂದಿರುವಾಗ ಇರಾನಿನಲ್ಲಿ ಹೊಸ ಆಳ್ವಿಕೆ ಬಂದು ಶಾಂತಿ ನೆಲೆಸಿದ ಸುದ್ದಿ ತಿಳಿಯುತ್ತದೆ. ದಂಪತಿಗಳು ಸಂತೋಷದಿಂದ ತಾಯ್ನಾಡಿಗೆ ಮರಳುತ್ತಾರೆ. ಚಿತ್ರಕ್ಕೆ 'ನಿನ್ನೆಯ ಇರಾನ್, ಇಂದಿನ ಇರಾನ್' ಎಂಬ ಇನ್ನೊಂದು ಹೆಸರೂ ಇತ್ತು. ಬುಡಕಟ್ಟುಗಳನ್ನು ಸೈನ್ಯಬಲದಿಂದ ಅಡಗಿಸಿದ್ದ ರೆಜಾ ಷಾ ಸರ್ಕಾರಕ್ಕೆ ಇದಕ್ಕಿಂತ ಒಳ್ಳೆಯ ಜಾಹೀರಾತು ಬೇರೆ ಸಿಗುವಂತಿರಲಿಲ್ಲ. ಲೋರ್ ಜನರನ್ನು ದರೋಡೆಯೊಡನೆ ಹೊಂದಿಸಿದ ಈ ಕಥೆಯಲ್ಲಿ ನ್ಯಾಯಕ್ಕಿಂತ ಅನುಕೂಲ ಹೆಚ್ಚಾಗಿದೆ ಎಂಬುದನ್ನು ಮರೆಮಾಚಬೇಕಾಗಿಲ್ಲ. ಆದರೆ ಆ ಸಂಜೆ ತೆಹರಾನಿನ ಪ್ರೇಕ್ಷಕರು ಹೋದದ್ದು ಜಾಹೀರಾತು ನೋಡಲಿಕ್ಕಲ್ಲ, ಮಾತು ಕೇಳಲಿಕ್ಕೆ.

ಚಿತ್ರೀಕರಣಕ್ಕೆ ಏಳು ತಿಂಗಳು ಹಿಡಿದಿತ್ತು. ಪ್ರದರ್ಶನ ತಿಂಗಳುಗಟ್ಟಲೆ ನಡೆಯಿತು. ಅದೇ ವೇಳೆಗೆ ಓಹಾನಿಯನ್ ತಮ್ಮ ಎರಡನೆಯ ಮೂಕಿ ಚಿತ್ರ 'ಹಾಜಿ ಆಗಾ, ಸಿನಿಮಾ ನಟ'ವನ್ನು ಸಿದ್ಧಪಡಿಸಿದ್ದರು. ಸಿನಿಮಾವನ್ನು ದ್ವೇಷಿಸುವ ಸಂಪ್ರದಾಯಸ್ಥನೊಬ್ಬನನ್ನು ಅವನಿಗರಿವಿಲ್ಲದೆಯೇ ಚಿತ್ರದ ನಾಯಕನನ್ನಾಗಿಸುವ ಜಾಣ ಕಥೆ ಅದು. ವಿಮರ್ಶಕರ ದೃಷ್ಟಿಯಲ್ಲಿ 'ದೊಖ್ತರ್-ಎ-ಲೋರ್'ಗಿಂತ ಅದೇ ಒಂದು ತೂಕ ಹೆಚ್ಚಿನದೆನ್ನಬಹುದು. ಆದರೆ ಮಾತಿನ ಮುಂದೆ ಮೌನ ಸೋತಿತು. ದೇಶದೊಳಗೆ ತಯಾರಾದ ಚಿತ್ರವನ್ನು ಹೊರಗಿನಿಂದ ಬಂದ ದೇಶಭಾಷೆಯ ಚಿತ್ರ ಹೊಡೆದುಹಾಕಿತು. ಓಹಾನಿಯನ್ ಆಮೇಲೆ ಇರಾನನ್ನೇ ಬಿಟ್ಟು ಹೋದರು. ಸೆಪಂತಾ ಅವರ ಗೆಲುವಿನಲ್ಲಿ ಅಡಗಿದ್ದ ಈ ಸೋಲನ್ನು ಆಗ ಯಾರೂ ಗಮನಿಸಿದಂತಿಲ್ಲ.

ಗೆಲುವಿನ ಬೆಲೆ ತೆತ್ತ ಇನ್ನೊಬ್ಬರು ರೂಹಂಗೀಜ್. ತೆರೆಯ ಮೇಲೆ ಕಾಣಿಸಿಕೊಂಡ ತಪ್ಪಿಗೆ ಇರಾನಿನ ಬೀದಿಗಳಲ್ಲಿ ನಿಂದನೆ, ಬೆದರಿಕೆಗಳನ್ನು ಅವರು ಎದುರಿಸಬೇಕಾಯಿತು. ಸರ್ಕಾರವೇ ಆಜ್ಞೆ ಹೊರಡಿಸಿ ಮಹಿಳೆಯರ ಪರದೆಯನ್ನು ಬಲವಂತವಾಗಿ ತೆಗೆಸಿದ್ದು 1936ರ ಜನವರಿಯಲ್ಲಿ. ಆಕೆ ಅದಕ್ಕಿಂತ ಎರಡು ವರ್ಷ ಮೊದಲೇ ಬಂದುಬಿಟ್ಟಿದ್ದರು. ಖ್ಯಾತಿಯಿಂದ ಬಚ್ಚಿಟ್ಟುಕೊಂಡು ಏಕಾಂತದಲ್ಲಿ ಬದುಕಿದ ಅವರು 1997ರಲ್ಲಿ ತೆಹರಾನಿನಲ್ಲಿ ನಿಧನರಾದರು.

'ದೊಖ್ತರ್-ಎ-ಲೋರ್' ನಿಜಕ್ಕೂ ಯಾರ ಚಿತ್ರ ಎಂಬ ಪ್ರಶ್ನೆಯೂ ಉಳಿದಿದೆ. ನಿರ್ದೇಶಕನ ಸ್ಥಾನದಲ್ಲಿ ದಾಖಲಾದ ಹೆಸರು ಅರ್ದೇಶಿರ್ ಇರಾನಿಯವರದು. ಕಥೆ, ಸಂಭಾಷಣೆ, ಮುಖ್ಯಪಾತ್ರ ಸೆಪಂತಾ ಅವರವು. ಯಂತ್ರ, ಹಣ, ಅನುಭವ ಒಬ್ಬರದು. ಭಾಷೆ, ಕಥೆ, ಪ್ರೇಕ್ಷಕನ ನಾಡಿ ಬಲ್ಲ ಬೆರಳು ಇನ್ನೊಬ್ಬರದು. ಇರಾನಿನ ಚಿತ್ರ ಇತಿಹಾಸಕಾರರು ಸೆಪಂತಾ ಅವರನ್ನೇ ತಮ್ಮ ವಾಕ್ಚಿತ್ರದ ಜನಕರೆಂದು ಕರೆಯುವುದು ವಾಡಿಕೆ. ಭಾರತದ ಇತಿಹಾಸಕಾರರು ಅದನ್ನು ಅರ್ದೇಶಿರ್ ಅವರ ಸಾಧನೆಗಳ ಪಟ್ಟಿಗೆ ಸೇರಿಸುತ್ತಾರೆ. ಎರಡೂ ತಪ್ಪಲ್ಲ.

ಕವಿಯ ಚಿತ್ರ, ದೊರೆಯ ಅಸಮಾಧಾನ

ಗೆಲುವಿನ ನಂತರ ಬಂದ ಎರಡನೆಯ ಚಿತ್ರಕ್ಕೆ ಸೆಪಂತಾ ಆರಿಸಿಕೊಂಡ ವಸ್ತು ಮಹಾಕವಿ ಫಿರ್ದೌಸಿ. 1934ರಲ್ಲಿ ಫಿರ್ದೌಸಿಯ ಸಹಸ್ರಮಾನೋತ್ಸವವನ್ನು ಇರಾನ್ ಸರ್ಕಾರ ಅದ್ದೂರಿಯಿಂದ ಆಚರಿಸಿತು. ಹಲವು ದೇಶಗಳ ವಿದ್ವಾಂಸರು ತೆಹರಾನಿನಲ್ಲಿ ಸೇರಿದರು. ತೂಸ್ ಪಟ್ಟಣದಲ್ಲಿ ಕವಿಯ ಸ್ಮಾರಕವನ್ನು ರೆಜಾ ಷಾ ಉದ್ಘಾಟಿಸಿದರು. ಅರಬ್ಬರ ವಿಜಯದ ನಂತರವೂ ಇರಾನಿನ ಪುರಾತನ ರಾಜರ ಕಥೆಗಳನ್ನು ಸಾವಿರಾರು ದ್ವಿಪದಿಗಳಲ್ಲಿ ಹಾಡಿ ಪರ್ಷಿಯನ್ ನುಡಿಯನ್ನು ಉಳಿಸಿದ ಕವಿ ಹೊಸ ಅರಸೊತ್ತಿಗೆಗೆ ಅತ್ಯಂತ ಪ್ರಿಯವಾಗಿದ್ದುದು ಸಹಜ. ಉತ್ಸವಕ್ಕೆಂದೇ ಸೆಪಂತಾ ಇಂಪೀರಿಯಲ್ ಸ್ಟುಡಿಯೋದಲ್ಲಿ 'ಫಿರ್ದೌಸಿ' ಚಿತ್ರವನ್ನು ನಿರ್ದೇಶಿಸಿ, ಕವಿಯ ಪಾತ್ರವನ್ನು ತಾವೇ ವಹಿಸಿದರು.

ಆದರೆ ಫಿರ್ದೌಸಿಯ ಜೀವನಕಥೆಯಲ್ಲಿ ಒಂದು ಮುಳ್ಳಿದೆ. ಪ್ರತಿ ದ್ವಿಪದಿಗೂ ಒಂದು ಚಿನ್ನದ ನಾಣ್ಯದ ಆಸೆ ತೋರಿಸಿದ್ದ ಘಜ್ನಿಯ ಸುಲ್ತಾನ ಮಹಮೂದ್, ಕಾವ್ಯ ಮುಗಿದಾಗ ಬೆಳ್ಳಿಯನ್ನು ಕಳುಹಿಸಿದ; ಅವಮಾನಿತ ಕವಿ ಆ ಹಣವನ್ನು ದಾರಿಯಲ್ಲಿಯೇ ಹಂಚಿಬಿಟ್ಟು ಊರು ಬಿಟ್ಟ; ಪಶ್ಚಾತ್ತಾಪದಿಂದ ಸುಲ್ತಾನ ಕಳುಹಿಸಿದ ಚಿನ್ನ ತೂಸ್ ಪಟ್ಟಣದ ಒಂದು ಬಾಗಿಲಿನಿಂದ ಒಳಬರುವಾಗ ಇನ್ನೊಂದು ಬಾಗಿಲಿನಿಂದ ಕವಿಯ ಶವ ಹೊರಹೋಗುತ್ತಿತ್ತು ಎಂಬುದು ಪ್ರಸಿದ್ಧ ಐತಿಹ್ಯ. ಇದನ್ನು ಬಿಟ್ಟು ಫಿರ್ದೌಸಿಯ ಚಿತ್ರ ಮಾಡಲಾಗದು. ಇದನ್ನಿಟ್ಟು ಮಾಡಿದರೆ ಅದು ಕೃತಘ್ನ ದೊರೆಯ ಚಿತ್ರವೂ ಆಗುತ್ತದೆ. ಚಿತ್ರವನ್ನು ಕಂಡ ಅರಮನೆಗೆ ಸುಲ್ತಾನ ಮಹಮೂದನ ಚಿತ್ರಣ ಹಿಡಿಸಲಿಲ್ಲ. ಭಾಗಗಳನ್ನು ಕತ್ತರಿಸಿ ಮತ್ತೆ ಚಿತ್ರೀಕರಿಸಬೇಕಾಯಿತು. ಒಂಬೈನೂರು ವರ್ಷಗಳ ಹಿಂದೆ ಸತ್ತ ಸುಲ್ತಾನನ ಮಾನವನ್ನು ಕಾಪಾಡಲು ಬದುಕಿರುವ ಷಾ ಮುಂದಾದದ್ದು ವಿಚಿತ್ರವೆನಿಸಿದರೂ, ದೊರೆಗಳ ನಡುವಿನ ಬಾಂಧವ್ಯಕ್ಕೆ ಕಾಲದ ಹಂಗಿಲ್ಲ. ಮೊದಲ ಚಿತ್ರದಲ್ಲಿ ರಾಜನನ್ನು ಹೊಗಳಿದ್ದ ಸೆಪಂತಾ ಅವರಿಗೆ ಆ ಹೊಗಳಿಕೆ ಯಾವ ರಕ್ಷಣೆಯನ್ನೂ ಕೊಡಲಿಲ್ಲ.

ಅದೇ ವರ್ಷ ನಿಜಾಮಿಯ ಕಾವ್ಯದ ಕಥೆಯನ್ನಾಧರಿಸಿದ 'ಶೀರೀನ್ ಮತ್ತು ಫರ್ಹಾದ್' ಬಂದಿತು. ಪ್ರೇಮಕ್ಕಾಗಿ ಬೆಟ್ಟ ಕಡಿಯುವ ಶಿಲ್ಪಿಯ ಈ ಕಥೆ ಪಾರ್ಸಿ ನಾಟಕ ಕಂಪನಿಗಳ ಮೂಲಕ ಭಾರತದ ಜನರಿಗೂ ಚಿರಪರಿಚಿತ. 1931ರಲ್ಲಿ ಕಲ್ಕತ್ತೆಯ ಮದನ್ ಥಿಯೇಟರ್ಸ್ ಅದನ್ನು ಹಿಂದಿಯಲ್ಲಿ ವಾಕ್ಚಿತ್ರವಾಗಿಸಿತ್ತು. ಸೆಪಂತಾ ಅದನ್ನು ಅದರ ಮೂಲ ಭಾಷೆಗೆ ಮರಳಿಸಿದರು. ಫಖ್ರುಜ್ಜಮಾನ್ ಜಬ್ಬಾರ್ ವಜೀರಿ ಅವರು ಇದರ ನಾಯಕಿ. ಮುಂದಿನ ಚಿತ್ರಗಳಲ್ಲಿಯೂ ಅವರದೇ ಮುಖ್ಯಪಾತ್ರ. ಆ ಬಳಿಕ ಮುಂಬಯಿಯಲ್ಲಿಯೇ, ಇಂಪೀರಿಯಲ್ ಬಿಟ್ಟು ಕೃಷ್ಣಾ ಫಿಲ್ಮ್ ಕಂಪನಿಗಾಗಿ ಮಾಡಿದ ಚಿತ್ರ 'ಕಪ್ಪು ಕಣ್ಣುಗಳು'. ನಾದಿರ್ ಷಾ ಭಾರತದ ಮೇಲೆ ನಡೆಸಿದ ದಂಡಯಾತ್ರೆಯ ಹಿನ್ನೆಲೆಯ ಪ್ರೇಮಕಥೆ ಅದು. 1739ರಲ್ಲಿ ದಿಲ್ಲಿಯನ್ನು ಸೂರೆಗೈದು ಮಯೂರ ಸಿಂಹಾಸನವನ್ನು ಹೊತ್ತೊಯ್ದವನ ಕಾಲದ ಚಿತ್ರವನ್ನು ಭಾರತೀಯ ತಂತ್ರಜ್ಞರೇ ಭಾರತದ ಸ್ಟುಡಿಯೋದಲ್ಲಿ ಕಟ್ಟಿಕೊಟ್ಟರು. ಕಲೆಯ ವ್ಯಾಪಾರಕ್ಕೆ ಇಂಥ ಹಳೆಯ ಲೆಕ್ಕಗಳ ನೆನಪಿರುವುದಿಲ್ಲ.

ಐದನೆಯ ಹಾಗೂ ಕೊನೆಯ ಚಿತ್ರ 'ಲೈಲಾ ಮಜ್ನೂ'. ಅದಕ್ಕಾಗಿ ಸೆಪಂತಾ ಕಲ್ಕತ್ತೆಗೆ ಹೋದರು. ಅಲ್ಲಿನ ಈಸ್ಟ್ ಇಂಡಿಯಾ ಫಿಲ್ಮ್ ಕಂಪನಿ ಆಗ ಬಂಗಾಳಿ, ಹಿಂದಿಯಷ್ಟೇ ಅಲ್ಲದೆ ದಕ್ಷಿಣದ ಭಾಷೆಗಳ ಚಿತ್ರಗಳಿಗೂ ನೆಲೆಯಾಗಿತ್ತು. ದೇವಕಿ ಬೋಸ್ ನಿರ್ದೇಶನದ ಅದರ 'ಸೀತಾ' 1934ರಲ್ಲಿ ವೆನಿಸ್ ಚಿತ್ರೋತ್ಸವ ತಲುಪಿತ್ತು. ಅಂಥ ಸುಸಜ್ಜಿತ ಸ್ಟುಡಿಯೋದಲ್ಲಿ, ಮೂರು ವರ್ಷಗಳ ಅನುಭವದ ಬಲದಿಂದ ಮಾಡಿದ ಚಿತ್ರವನ್ನು ಹೊತ್ತು ಸೆಪಂತಾ 1936ರಲ್ಲಿ ಇರಾನಿನತ್ತ ಹೊರಟರು.

ಬುಶೆಹ್ರ್ ಬಂದರಿನಲ್ಲಿ

1936ರ ಸೆಪ್ಟೆಂಬರ್‌ನಲ್ಲಿ ಅವರು ಪರ್ಷಿಯಾ ಕೊಲ್ಲಿಯ ಬುಶೆಹ್ರ್ ಬಂದರಿಗೆ ಬಂದಿಳಿದಾಗ ಕೈಯಲ್ಲಿದ್ದದ್ದು 'ಲೈಲಾ ಮಜ್ನೂ' ಚಿತ್ರದ ಪ್ರತಿ. ಮನಸ್ಸಿನಲ್ಲಿದ್ದದ್ದು ಇರಾನಿನಲ್ಲಿಯೇ ಚಿತ್ರ ತಯಾರಿಕೆ ಆರಂಭಿಸುವ ಯೋಜನೆ. ಐದು ಚಿತ್ರಗಳನ್ನು ಮಾಡಿ ಬಂದವನಿಗೆ ಸರ್ಕಾರ ನೆರವಾಗಬಹುದೆಂಬ ನಿರೀಕ್ಷೆ ಅಸಹಜವಲ್ಲ. ಆದರೆ ಬಂದರಿನಲ್ಲಿಯೇ ಕಾಗದಪತ್ರಗಳ ತೊಡಕು ಎದುರಾಯಿತು. ಚಿತ್ರದ ಪ್ರತಿಯನ್ನು ಅಧಿಕಾರಿಗಳು ಬಿಟ್ಟುಕೊಡಲಿಲ್ಲ; ಅದನ್ನು ಅಲ್ಲಿಯೇ ಬಿಟ್ಟು ಬರಿಗೈಯಲ್ಲಿ ತೆಹರಾನಿಗೆ ಪ್ರಯಾಣ ಮಾಡಬೇಕಾಯಿತು. ಅಧಿಕಾರಿಗಳ ಹಗೆತನಕ್ಕೆ ಕಾರಣವೇ ತಿಳಿಯದೆ, ತಾಯ್ನಾಡಿಗೆ ಬಂದದ್ದೇ ತಪ್ಪಾಯಿತೇನೋ ಎನ್ನಿಸಿತೆಂದು ಮುಂದೆ ಸೆಪಂತಾ ನೆನೆಸಿಕೊಂಡದ್ದುಂಟು. ಸಿನಿಮಾವನ್ನು ಕಲೆಯೆಂದಾಗಲಿ, ಜನರನ್ನು ತಲುಪುವ ಸಾಧನವೆಂದಾಗಲಿ ಆಡಳಿತ ಪರಿಗಣಿಸುತ್ತಿಲ್ಲವೆಂಬುದು ಅವರಿಗೆ ಬಹುಬೇಗ ಮನವರಿಕೆಯಾಯಿತು.

ಪ್ರದರ್ಶನದ ಪರವಾನಗಿಗೂ ಹೋರಾಡಬೇಕಾಯಿತು. ಅದು ದೊರೆತ ಮೇಲೆ ಎದುರಾದವರು ಚಿತ್ರಮಂದಿರಗಳ ಮಾಲೀಕರು. ವಿದೇಶಗಳಲ್ಲಿ ಆಗಲೇ ಬಂಡವಾಳ ಗಳಿಸಿಕೊಂಡಿದ್ದ ಚಿತ್ರಗಳು ಅವರಿಗೆ ಅಗ್ಗದ ಬೆಲೆಗೆ ದೊರೆಯುತ್ತಿದ್ದವು. ಪರ್ಷಿಯನ್ ಚಿತ್ರದ ಮಾರುಕಟ್ಟೆಯಾದರೋ ಇರಾನ್ ಒಂದೇ. ಅಲ್ಲಿನ ಚಿತ್ರಮಂದಿರಗಳೂ ಬೆರಳೆಣಿಕೆಯವು. ಖರ್ಚನ್ನೆಲ್ಲ ಆ ಕೆಲವೇ ಮಂದಿರಗಳಿಂದ ಹಿಂಪಡೆಯಬೇಕಾದ ನಿರ್ಮಾಪಕ, ಮಾಲೀಕ ಹೇಳಿದ ಬೆಲೆಗೆ ತಲೆಬಾಗಲೇಬೇಕು. 'ಲೈಲಾ ಮಜ್ನೂ'ವನ್ನು ಹೆಚ್ಚುಕಡಿಮೆ ದಾನ ಕೊಟ್ಟಂತೆಯೇ ಕೈಬಿಡಬೇಕಾಯಿತು.

ಸೋಲಿನ ಮೂಲ ಇರುವುದು ಈ ಲೆಕ್ಕಾಚಾರದಲ್ಲಿ. ಮುಂಬಯಿಯ ಸ್ಟುಡಿಯೋಗೆ ಪರ್ಷಿಯನ್ ಚಿತ್ರವೆಂಬುದು ಹಲವು ಭಾಷೆಗಳಲ್ಲಿ ಒಂದು. ಯಂತ್ರ, ಕಟ್ಟಡ, ಸಂಬಳಗಳ ಭಾರವನ್ನು ಹಿಂದಿ ಚಿತ್ರಗಳು ಹೊರುತ್ತಿದ್ದವು. ಇರಾನಿನಲ್ಲಿ ಅದೇ ಭಾರವನ್ನು ಒಂದೇ ಭಾಷೆಯ ಚಿತ್ರ ಹೊರಬೇಕಾಗಿತ್ತು. ಸರ್ಕಾರ ಕೈ ನೀಡದೆ ಅದು ಏಳುವಂತಿರಲಿಲ್ಲ. ರೈಲುಮಾರ್ಗ, ಕಾರ್ಖಾನೆ, ವಿಶ್ವವಿದ್ಯಾಲಯಗಳನ್ನು ಕಟ್ಟಿಸುತ್ತಿದ್ದ ರೆಜಾ ಷಾ ಆಡಳಿತಕ್ಕೆ ಸಿನಿಮಾ ಮಾತ್ರ ಕತ್ತರಿ ಆಡಿಸಬೇಕಾದ ವಸ್ತುವಾಗಿ ಕಂಡಿತೇ ಹೊರತು ಕಟ್ಟಬೇಕಾದ ವಸ್ತುವಾಗಿ ಅಲ್ಲ.

ಸೆಪಂತಾ ಮುಂಬಯಿಯನ್ನು ಬಿಟ್ಟ ವರ್ಷವೇ ಇನ್ನೊಬ್ಬ ಇರಾನಿ ಲೇಖಕ ಮುಂಬಯಿಗೆ ಬಂದರೆಂಬುದು ಒಂದು ಕಾಕತಾಳೀಯ. ಆಧುನಿಕ ಪರ್ಷಿಯನ್ ಕಥನದ ಬಹುದೊಡ್ಡ ಹೆಸರು ಸಾದಿಕ್ ಹಿದಾಯತ್ ದೇಶ ಬಿಡಲು ಮುಂದಿಟ್ಟ ನೆಪ, ಪರ್ಷಿಯನ್ ಚಿತ್ರದ ಸಂಭಾಷಣೆಗೆ ಸಲಹೆ ನೀಡುವುದು. ಹಿದಾಯತ್ ಅಲ್ಲಿ ಪಹ್ಲವಿ ಭಾಷೆ ಕಲಿತರು. ತಮ್ಮ 'ಕುರುಡು ಗೂಬೆ' ಕಾದಂಬರಿಯ ಕೆಲವೇ ಹತ್ತು ಪ್ರತಿಗಳನ್ನು, ಇರಾನಿನಲ್ಲಿ ಮಾರಾಟಕ್ಕಲ್ಲ ಎಂಬ ಸೂಚನೆಯೊಡನೆ ಹೊರತಂದರು. ಇರಾನಿನಲ್ಲಿ ಉಸಿರಾಡಲಾಗದ್ದು ಮುಂಬಯಿಯಲ್ಲಿ ಉಸಿರಾಡುತ್ತಿದ್ದ ಕಾಲವದು. ಸೆಪಂತಾ ಮಾತ್ರ ಎದುರು ದಿಕ್ಕಿನಲ್ಲಿ ನಡೆದಿದ್ದರು.

ಇಸ್ಫಹಾನಿನ ವರ್ಷಗಳು

ಭಾರತಕ್ಕೆ ಮರಳುವ ಯೋಚನೆ ಸೆಪಂತಾ ಅವರಿಗಿತ್ತು. ತಾಯಿಯ ಅನಾರೋಗ್ಯ ಅವರನ್ನು ಇಸ್ಫಹಾನಿನಲ್ಲಿ ಹಿಡಿದು ನಿಲ್ಲಿಸಿತು. ಆಗ ಇಸ್ಫಹಾನ್ ಬಟ್ಟೆ ಗಿರಣಿಗಳ ನಗರವಾಗಿ ಬೆಳೆಯುತ್ತಿತ್ತು. ಇರಾನಿನ ಮೊದಲ ವಾಕ್ಚಿತ್ರದ ನಾಯಕ ಹೊಟ್ಟೆಪಾಡಿಗಾಗಿ ಅಲ್ಲಿನ ಉಣ್ಣೆ ಕಾರ್ಖಾನೆಯೊಂದರಲ್ಲಿ ಕೆಲಸಕ್ಕೆ ಸೇರಿದರ‍ು.

ಅವರೊಬ್ಬರು ನಿಂತಾಗ ಇರಾನಿನ ಸಿನಿಮಾವೇ ನಿಂತಿತು. ಇದು ಅಲಂಕಾರದ ಮಾತಲ್ಲ. 1937ರಲ್ಲಿ 'ಲೈಲಾ ಮಜ್ನೂ' ತೆರೆ ಕಂಡ ಮೇಲೆ ಮತ್ತೊಂದು ಪರ್ಷಿಯನ್ ಕಥಾಚಿತ್ರ ಬಂದದ್ದು 1948ರಲ್ಲಿ. ನಡುವೆ ಹನ್ನೊಂದು ವರ್ಷಗಳ ಶೂನ್ಯ. ಆ ಅವಧಿಯಲ್ಲಿ ಎರಡನೆಯ ಮಹಾಯುದ್ಧ ಬಂದಿತು; 1941ರಲ್ಲಿ ಬ್ರಿಟಿಷ್ ಹಾಗೂ ಸೋವಿಯತ್ ಸೇನೆಗಳು ಇರಾನನ್ನು ಆಕ್ರಮಿಸಿದವು; ರೆಜಾ ಷಾ ಪದತ್ಯಾಗ ಮಾಡಿ ದೇಶಾಂತರ ಹೋದರು. ಜರ್ಮನಿಯಲ್ಲಿ ಓದಿ, ಟರ್ಕಿಯಲ್ಲಿ ವಿದೇಶಿ ಚಿತ್ರಗಳಿಗೆ ಪರ್ಷಿಯನ್ ಮಾತು ಜೋಡಿಸಿ ಹಣ ಗಳಿಸಿದ ಇಸ್ಮಾಯಿಲ್ ಕೂಶಾನ್ ಕೊನೆಗೆ 'ಬದುಕಿನ ಬಿರುಗಾಳಿ' ಚಿತ್ರವನ್ನು ತೆಹರಾನಿನಲ್ಲಿ ನಿರ್ಮಿಸಿದಾಗ, ಇರಾನಿನ ನೆಲದಲ್ಲಿ ತಯಾರಾದ ಮೊದಲ ವಾಕ್ಚಿತ್ರವೆಂಬ ಹೆಸರು ಅದಕ್ಕೆ ಬಂತು. ಉದ್ಯಮ ಮತ್ತೆ ಆರಂಭವಾಯಿತು. ಸೆಪಂತಾ ಅವರ ಪಾಲು ಅದರಲ್ಲಿರಲಿಲ್ಲ.

ಹಾಗೆಂದು ಅವರು ಕೈಕಟ್ಟಿ ಕುಳಿತವರಲ್ಲ. ರೆಜಾ ಷಾ ಪತನದ ನಂತರ ಪತ್ರಿಕೆಗಳಿಗೆ ದೊರೆತ ಸ್ವಾತಂತ್ರ್ಯದ ದಿನಗಳಲ್ಲಿ ಇಸ್ಫಹಾನಿನಿಂದ ತಮ್ಮದೇ ಹೆಸರಿನ 'ಸೆಪಂತಾ' ಪತ್ರಿಕೆಯನ್ನು ಹೊರತಂದರು. ಐವತ್ತರ ದಶಕದಲ್ಲಿ ಅಮೆರಿಕದ ನೆರವು ಕಾರ್ಯಕ್ರಮದ ಇಸ್ಫಹಾನ್ ಕಚೇರಿಯಲ್ಲಿ ದುಡಿದರು. ಕವಿತೆ ಬರೆದರು. ಇಸ್ಫಹಾನಿನ ಧರ್ಮದತ್ತಿಗಳ ಇತಿಹಾಸವನ್ನು ಕುರಿತು ಅವರು ಬರೆದ ಗ್ರಂಥ ಇಂದಿಗೂ ಆ ನಗರದ ಸಂಶೋಧಕರಿಗೆ ಆಕರ. ಯೌವನದಲ್ಲಿ ಮುಂಬಯಿಯ ಗ್ರಂಥಗಳ ನಡುವೆ ಆರಂಭವಾದ ವಿದ್ವತ್ತಿನ ದಾರಿಗೆ ಅವರು, ನಡುವೆ ಹತ್ತು ವರ್ಷ ಬೇರೆಡೆಗೆ ಹೋಗಿ ಬಂದವರಂತೆ, ಹಿಂತಿರುಗಿದ್ದರು. ಅವರ ಮಗ ಸಾಸಾನ್ ಸೆಪಂತಾ ಇರಾನಿನಲ್ಲಿ ಸಂಗೀತದ ಧ್ವನಿಮುದ್ರಣ ಬೆಳೆದುಬಂದ ಇತಿಹಾಸವನ್ನು ಬರೆದರು. ತಂದೆ ಪರದೆಗೆ ಧ್ವನಿ ತಂದರೆ, ಮಗ ಧ್ವನಿಯ ಚರಿತ್ರೆಯನ್ನೇ ದಾಖಲಿಸಿದಂತಾಯಿತು.

ಸೆಪಂತಾ 1969ರ ಮಾರ್ಚ್ ತಿಂಗಳಲ್ಲಿ ಇಸ್ಫಹಾನಿನಲ್ಲಿ ನಿಧನರಾದರು. ವಯಸ್ಸು 61. ಅದೇ ವರ್ಷದ ಅಕ್ಟೋಬರ್ 14ರಂದು ಮುಂಬಯಿಯಲ್ಲಿ ಅರ್ದೇಶಿರ್ ಇರಾನಿ ಕೊನೆಯುಸಿರೆಳೆದರು. ಇರಾನಿನ ಸಿನಿಮಾದಲ್ಲಿ ಹೊಸ ಅಲೆಯೊಂದು ಎದ್ದದ್ದೂ ಅದೇ ವರ್ಷ. ದಾರಿಯೂಷ್ ಮೆಹರ್‌ಜುಯಿ ಅವರ 'ಹಸು', ಮಸೂದ್ ಕಿಮಿಯಾಯಿ ಅವರ 'ಕೈಸರ್' ಎರಡೂ 1969ರ ಚಿತ್ರಗಳು. ಮರುವರ್ಷ ಮೊಹಮ್ಮದ್ ತಹಾಮಿನೆಜಾದ್ ಎಂಬ ತರುಣ ನಿರ್ದೇಶಕ ಸಂವಿಧಾನ ಕ್ರಾಂತಿಯಿಂದ ಸೆಪಂತಾವರೆಗಿನ ಇರಾನಿ ಸಿನಿಮಾದ ಕುರಿತು ಸಾಕ್ಷ್ಯಚಿತ್ರವೊಂದನ್ನು ಮಾಡಿದರು. ಎಷ್ಟೋ ವರ್ಷಗಳಿಂದ ಜನರ ಕಣ್ಣಿಗೆ ಬೀಳದಿದ್ದ ರೂಹಂಗೀಜ್ ಸಾಮಿನೆಜಾದ್ ಅದರಲ್ಲಿ ಕ್ಯಾಮೆರಾದ ಮುಂದೆ ಕುಳಿತು ಹಳೆಯ ದಿನಗಳ ಬಗ್ಗೆ ಮಾತನಾಡಿದರು.

'ಆಲಂ ಆರಾ'ದ ಪ್ರತಿ ಇಂದು ಎಲ್ಲಿಯೂ ಇಲ್ಲ. 'ಸತಿ ಸುಲೋಚನಾ'ದ ಪ್ರತಿಯೂ ಉಳಿದಿಲ್ಲ. ಅದೇ ಕಾಲದಲ್ಲಿ ಅದೇ ಮುಂಬಯಿಯಲ್ಲಿ ತಯಾರಾದ 'ದೊಖ್ತರ್-ಎ-ಲೋರ್' ಮಾತ್ರ ಉಳಿದಿದೆ. ಗೀರುಬಿದ್ದ ಆ ಕಪ್ಪುಬಿಳುಪು ಚಿತ್ರದಲ್ಲಿ 26ರ ಹರೆಯದ ಸೆಪಂತಾ ಜಾಫರನಾಗಿ ಈಗಲೂ ಗುಲ್ನಾರಳೊಡನೆ ಕಡಲು ದಾಟಿ ಮುಂಬಯಿ ಸೇರುತ್ತಾರೆ, ತಾಯ್ನಾಡಿನಿಂದ ಒಳ್ಳೆಯ ಸುದ್ದಿ ಕೇಳಿ ಮರುಪ್ರಯಾಣಕ್ಕೆ ಸಿದ್ಧರಾಗುತ್ತಾರೆ.